ಗೋಡೆ ತೆಗೆದಾಯಿತೆಂದು ಬರೆದ ಕಾಗದ

ತಿರುಪ್ಪೂರು ಜಿಲ್ಲೆಯ ಒಂದು ತಾಲೂಕು ಕಚೇರಿಯಲ್ಲಿ ನಾನು ಗುಮಾಸ್ತನಾಗಿದ್ದೆ. ಮನೆ ಕೊಯಮತ್ತೂರಿನಲ್ಲಿ, ಉಕ್ಕಡಂನಲ್ಲಿ ಬಸ್ಸು ಹಿಡಿದು ದಿನಾ ಓಡಾಟ. ಮನೆಯಲ್ಲಿ ಕನ್ನಡ, ಕಚೇರಿಯಲ್ಲಿ ತಮಿಳು.

ಮಗ್ಗ ನೇಯುವ ಒಬ್ಬ ಹೆಂಗಸಿನ ಮನೆಗೆ ಹೋಗುವ ಸರ್ಕಾರಿ ಓಣಿಗೆ ಪಕ್ಕದ ಬನಿಯನ್ ಕಾರ್ಖಾನೆಯವನು ಅಡ್ಡಗೋಡೆ ಕಟ್ಟಿದ್ದ. ಆಕೆಯ ಗಂಡನಿಗೆ ಪಾರ್ಶ್ವವಾಯು. ಆಸ್ಪತ್ರೆಗೆ ಕರೆದೊಯ್ಯಬೇಕಾದರೆ ಯಾರದೋ ಹಿತ್ತಲು ದಾಟಿಸಿ ಹೊತ್ತುಕೊಂಡೇ ಹೋಗಬೇಕು. ಆಕೆ ಹೈಕೋರ್ಟಿಗೆ ಹೋದರು. ಎಂಟು ವಾರದೊಳಗೆ ಗೋಡೆ ತೆಗೆಸಿ ಎಂದು ತಹಸೀಲ್ದಾರರಿಗೆ ಆದೇಶವಾಯಿತು. ಗಡುವು ಮುಗಿದರೂ ಯಾರೂ ಅತ್ತ ತಲೆ ಹಾಕಲಿಲ್ಲ. ಕಾರ್ಖಾನೆಯವನಿಗೆ ದೊಡ್ಡವರ ಪರಿಚಯವಿತ್ತು. ಕೊನೆಗೆ ನ್ಯಾಯಾಂಗ ನಿಂದನೆಯ ನೋಟಿಸು ಬಂತು. ತಹಸೀಲ್ದಾರರು ನನ್ನನ್ನು ಕರೆದು, "ಆಯಮ್ಮ ನಿಮ್ಮ ಭಾಷೆಯವರಲ್ಲವೇ? ನೀವೇ ಹೋಗಿ ಒಂದು ರುಜು ಹಾಕಿಸಿಕೊಂಡು ಬನ್ನಿ" ಎಂದರು.

'ಗೋಡೆ ತೆಗೆಯಲಾಗಿದೆ, ನನ್ನ ದೂರೇನೂ ಇಲ್ಲ' ಎಂದು ತಮಿಳಿನಲ್ಲಿ ಟೈಪು ಮಾಡಿದವನು ನಾನೇ.

"ಅಕ್ಕಾ, ನಮ್ಮನೇಲೂ ಇದೇ ಮಾತು" ಎಂದು ಬಾಗಿಲಲ್ಲಿ ನಿಂತು ಕನ್ನಡದಲ್ಲಿ ಹೇಳಿದ ಕೂಡಲೇ ಆಕೆ ಮಗ್ಗದಿಂದ ಎದ್ದು ಬಂದು ಚಾಪೆ ಹಾಸಿದರು.

"ನಂಗೆ ಓದಕ್ಕೆ ಬರಲ್ಲಣ್ಣಾ. ಏನ್ ಬರ್ದದೆ ಇದ್ರಲ್ಲಿ?"

"ಗೋಡೆ ತೆಗೀತೀವಿ ಅಂತ ಅಕ್ಕಾ. ನಾಳೇನೇ ಆಳುಗಳು ಬರ್ತಾರೆ."

"ನಮ್ಮೋರು ನೀವು ಹೇಳ್ದ ಮೇಲೆ ಇನ್ನೇನು" ಎಂದು, ಕಲಿತಿದ್ದ ನಾಲ್ಕಕ್ಷರದ ಹೆಸರನ್ನು ನಿಧಾನವಾಗಿ ಬರೆದುಕೊಟ್ಟರು. ಕಾಫಿಯನ್ನೂ ಕುಡಿದು ಬಂದೆ.

ಕಾಗದ ಕೋರ್ಟಿಗೆ ಹೋಯಿತು. ಆಕೆಯ ವಕೀಲರು ಗೋಡೆ ಇನ್ನೂ ನಿಂತೇ ಇರುವ ಫೋಟೋ ಹಾಜರುಪಡಿಸಿದರು. ನ್ಯಾಯಾಧೀಶರು ತಹಸೀಲ್ದಾರರನ್ನೂ ಆಕೆಯನ್ನೂ ಖುದ್ದಾಗಿ ಬರಹೇಳಿದರು. ತಹಸೀಲ್ದಾರರು ನನ್ನನ್ನೂ ಚೆನ್ನೈಗೆ ಕರೆದೊಯ್ದರು.

"ಗೋಡೆ ಇದ್ದರೂ ರುಜು ಯಾಕೆ ಹಾಕಿದಿರಿ?" ಎಂದು ನ್ಯಾಯಾಧೀಶರು ಆಕೆಯನ್ನು ತಮಿಳಿನಲ್ಲಿ ಕೇಳಿದರು.

"ಬಂದವರು ನಮ್ಮ ಮನೆಮಾತಲ್ಲೇ ಮಾತಾಡಿದರು ಸಾಮಿ. ನಂಬಿದೆ" ಎಂದರು ಆಕೆ. ನನ್ನತ್ತ ಕೈ ತೋರಿಸಲಿಲ್ಲ, ತಿರುಗಿಯೂ ನೋಡಲಿಲ್ಲ.

ಸಿಬ್ಬಂದಿಯಿಂದ ತಪ್ಪಾಯಿತೆಂದು ತಹಸೀಲ್ದಾರರು ಕ್ಷಮೆ ಕೇಳಿದರು. ಯಾರು ಆ ಸಿಬ್ಬಂದಿ ಎಂದು ನ್ಯಾಯಾಧೀಶರು ಕೇಳಿದಾಗ ನಾನು ಎದ್ದು ನಿಂತೆ.

"ಕಾಗದದಲ್ಲಿ ಏನಿದೆಯೆಂದು ಗೊತ್ತಿತ್ತೇ?"

"ಸರಿಯಾಗಿ ನೋಡಿರಲಿಲ್ಲ ಸಾರ್."

ಅಷ್ಟು ಜನರ ಮುಂದೆ, ಆಕೆ ಹತ್ತಡಿ ದೂರದಲ್ಲಿರುವಾಗಲೇ, ಎರಡನೆಯ ಸಲ ಸುಳ್ಳು ಹೇಳಿದೆ. ಒಂದು ವಾರದಲ್ಲಿ ಗೋಡೆ ಬೀಳದಿದ್ದರೆ ಜೈಲು ಎಂದು ನ್ಯಾಯಾಧೀಶರು ತಹಸೀಲ್ದಾರರಿಗೆ ಎಚ್ಚರಿಕೆ ಕೊಟ್ಟರು. ನನ್ನ ಮೇಲೆ ಇಲಾಖಾ ವಿಚಾರಣೆಗೆ ಆದೇಶವಾಯಿತು.

ಹೊರಗೆ ವರಾಂಡದಲ್ಲಿ, "ಅಕ್ಕಾ, ತಪ್ಪಾಯ್ತು" ಎಂದೆ. ಆಕೆ ತಮಿಳಿನಲ್ಲಿ, "ನೀಂಗ ಪೋಂಗ ಸಾರ್", ನೀವು ಹೋಗಿ ಸಾರ್, ಎಂದಷ್ಟೇ ಹೇಳಿ ವಕೀಲರ ಹಿಂದೆ ನಡೆದರು.

ನಾಲ್ಕನೆಯ ದಿನ ಜೆಸಿಬಿ ಬಂತು. ಗೋಡೆ ಕೆಡವಲು ಅರ್ಧ ಗಂಟೆಯೂ ಹಿಡಿಯಲಿಲ್ಲ. ಇಷ್ಟಕ್ಕೇ ಅಷ್ಟೆಲ್ಲ ಆಟ ಆಡಿದ್ದೆವು. ಸಂಜೆ ಆಟೋ ಮನೆ ಬಾಗಿಲಿಗೇ ಬಂದು ಆಕೆಯ ಗಂಡನನ್ನು ಕೂರಿಸಿಕೊಂಡು ಹೋಯಿತು.

ವಿಚಾರಣೆ ಮುಗಿದು ನನಗೆ ಬಡ್ತಿ ತಪ್ಪಿತು. ಯಾಕೆಂದು ಹೆಂಡತಿ ಕೇಳಿದಳು. ಮೇಲಿನವರು ನನ್ನನ್ನು ಸಿಕ್ಕಿಸಿದರು ಎಂದೆ. ಅವಳು ಇವತ್ತಿಗೂ ಹಾಗೆಂದೇ ನಂಬಿದ್ದಾಳೆ.