ಮಸುಕು ಮುಖದವನ ಕೈ

ಸನ್ನಿವೇಲ್‌ನಲ್ಲಿ ನಮ್ಮ ಪಕ್ಕದ ಅಪಾರ್ಟ್‌ಮೆಂಟಿನಲ್ಲಿದ್ದ ಡಾಕ್ಟರಮ್ಮ ಜೀವಮಾನವಿಡೀ ಎಕ್ಸ್‌ರೇ ನೋಡಿದವರು. ನಿವೃತ್ತರಾದ ಮೇಲೆ ಕಾಲೇಜೊಂದರ ಲೈಬ್ರರಿಯಲ್ಲಿ ಹಳೆಯ ಫೋಟೋಗಳನ್ನು ವಿಂಗಡಿಸುತ್ತಿದ್ದರು. ನೂರು ವರ್ಷಕ್ಕೂ ಹಿಂದಿನ ಫುಟ್‌ಬಾಲ್ ತಂಡದ ಒಂದು ಸೀಸನ್ನಿನ ಫೋಟೋಗಳು ಕಲಸಿಹೋಗಿದ್ದವು. ಅವರು ಅವನ್ನು ಆಟಗಾರರ ಗಾಯ ನೋಡಿ ಜೋಡಿಸಿದರು: ಊದಿದ ಕಿವಿ ಮೊದಲು, ಊತ ಇಳಿದ ಕಿವಿ ಆಮೇಲೆ. ಪ್ರತಿ ಸಲವೂ ಕನ್ನಡಕ ಹಣೆಗೇರಿಸಿ, "ಕಂಡದ್ದು ಇಷ್ಟೇ ಮಾರಾಯ್ರೆ, ಕಥೆ ಬೇಡ" ಎನ್ನುತ್ತಿದ್ದರು. ನಾನು ಜೊತೆಗೆ ಹೋಗುತ್ತಿದ್ದುದೇ ಕಥೆಗಾಗಿ.

ಒಂದು ದಿನ ಹತ್ತಿರದ ಊರು ಸ್ಯಾನ್ ಮಟಿಯೋದಿಂದ ವೃದ್ಧರೊಬ್ಬರು ಲೈಬ್ರರಿಗೆ ಬಂದರು. ಆ ತಂಡದಲ್ಲಿದ್ದ ಅವರ ತಾತ ಕೊನೆಯ ಪಂದ್ಯಕ್ಕೆ ಹೆದರಿ ಓಡಿಹೋದ ಎಂದು ಮನೆಯಲ್ಲಿ ತಲೆಮಾರುಗಳ ಮಾತು. ಆ ಪಂದ್ಯದ ಫೋಟೋದಲ್ಲಿ ಒಬ್ಬನ ಮುಖ ಅಲುಗಾಡಿ ಮಸುಕಾಗಿತ್ತು, ಕೆಳಗೆ ಹೆಸರಿರಲಿಲ್ಲ. ಡಾಕ್ಟರಮ್ಮ ಪಕ್ಕದವನ ಹೆಗಲ ಮೇಲಿದ್ದ ಅವನ ಕೈ ನೋಡಿದರು. ಬಾಗಿದ ಕಿರುಬೆರಳು, ಸೀಳಿದ ಹೆಬ್ಬೆರಳ ಉಗುರು. ತಾತನ ಹೆಸರಿದ್ದ ಮೊದಲ ಪಂದ್ಯದ ಫೋಟೋದಲ್ಲೂ ಅವೇ ಎರಡು ಗುರುತು.

"ಇದು ನಿಮ್ಮ ತಾತನ ಕೈ," ಎಂದು ಇಂಗ್ಲಿಷಿನಲ್ಲಿ ಹೇಳಿದರು. ನೂರು ವರ್ಷದ ಕೈ ಥಟ್ಟನೆ ಬೆಚ್ಚಗಾದಂತಾಯಿತು ನನಗೆ.

"ಹಾಗಾದರೆ ಅವರು ಹೆದರಿರಲಿಲ್ಲ?" ವೃದ್ಧರು ಕೇಳಿದರು.

"ಅದು ಫೋಟೋದಲ್ಲಿ ಕಾಣುವುದಿಲ್ಲ. ಇಲ್ಲಿ ನಿಂತಿದ್ದಾರೆ. ಮೊಣಕಾಲಿಗೆ ಕೆಸರಿದೆ."

ನಾನು ಕನ್ನಡದಲ್ಲಿ ಪಿಸುಗುಟ್ಟಿದೆ: "ಡಾಕ್ಟ್ರೇ, ಹೆದರಿರ್ಲಿಲ್ಲ ಅಂದ್ಬಿಡಿ, ಪಾಪ."

"ಕೆಸರು ಉಂಟಲ್ಲ ಮಾರಾಯ್ರೆ, ಸಾಲದಾ?"

ವೃದ್ಧರು ಅತ್ತರೆಂದೇ ನನ್ನ ನೆನಪು. ಡಾಕ್ಟರಮ್ಮ ಈಗ ಬದುಕಿದ್ದಿದ್ದರೆ ಆ ಸಾಲನ್ನು ಹೊಡೆದುಹಾಕುತ್ತಿದ್ದರು. ಫೋಟೋದ ಆ ಕೆಸರಿನ ಮೇಲೆ ಬೆರಳಿಟ್ಟು ವೃದ್ಧರು ಬಹಳ ಹೊತ್ತು ಕೂತಿದ್ದರು. ಕಂಡದ್ದು ಇಷ್ಟೇ.