ಹಳೇ ಬಂಡಮೀದಪಲ್ಲಿಯಲ್ಲಿ ಒಬ್ಬಳಿದ್ದಳು

ಗಂಗುಲಮ್ಮಾ, ನೀನು ಬದುಕಿದ್ದಾಗಲೇ ನಿನ್ನ ಊರಿನಲ್ಲಿ ಯಾರೂ ಇಲ್ಲ ಎಂದು ಬರೆದವಳು ನಾನು. ತಿಳಿಯದೆ ಬರೆದದ್ದಲ್ಲ — ನಿನ್ನ ಜಗಲಿಯ ಮೇಲೆ ಕೂತು, ನೀನು ಕೊಟ್ಟ ಮಜ್ಜಿಗೆ ಕುಡಿದು ಬಂದ ಮೇಲೆ ಬರೆದದ್ದು.

ಶಿಡ್ಲಘಟ್ಟದಿಂದ ದಿನಾ ಬಸ್ಸಿನಲ್ಲಿ ಕೆಂಚಾರ್ಲಹಳ್ಳಿ ಕಡೆಯ ಬಂಡಮೀದಪಲ್ಲಿ ಶಾಲೆಗೆ ಬರುವ ಟೀಚರು ನಾನು. ಮಕ್ಕಳಿಗೆಂದು ಆ ಊರಿನ ಭೂಗೋಳ, ಇತಿಹಾಸದ ಪುಟ್ಟ ಪುಸ್ತಕ ಬರೆಯಲು ಹೊರಟಿದ್ದೆ. ಪ್ಲೇಗಿನ ಕಾಲದಲ್ಲಿ ಜನ ಬಂಡೆಯ ಮೇಲಿನ ಹಳೇ ಊರು ಬಿಟ್ಟು ಕೆಳಗೆ ರಸ್ತೆಯ ಪಕ್ಕ ನೆಲೆಸಿದ್ದರು. ಬಿಟ್ಟ ಊರು ಕತ್ತಲಾಗಬಾರದೆಂದು ಒಂದು ಮನೆಯನ್ನು ಮಾತ್ರ ಅಲ್ಲೇ ಉಳಿಸಿದ್ದರು. ಆ ಮನೆಯವರು ಸಂಜೆ ಗ್ರಾಮದೇವತೆಗೆ ದೀಪ ಹಚ್ಚಬೇಕು, ಕೆಳಗಿನವರು ಸರದಿಯ ಮೇಲೆ ಅವರಿಗೆ ಊಟ ಕಳಿಸಬೇಕು. ಆ ಮನೆಯ ಕೊನೆಯವಳು ನೀನು.

"ಇವತ್ತು ಯಾರ್ ಮನೇದು ಸರದಿ ಅಂತ ಕೆಳಗಿನ ಒಲೆ ಹೊಗೆ ನೋಡೇ ಹೇಳ್ತೀನಿ ಕಣಮ್ಮ" ಎಂದು ನಕ್ಕಿದ್ದೆ ನೀನು.

ಬರೆಯಲು ಕೂತಾಗ ಒಂದು ವಾಕ್ಯ ತಾನಾಗಿ ಬಂತು — ಯಾರೂ ಇಲ್ಲದ ಆ ಊರಿನಲ್ಲಿ ಇಂದಿಗೂ ಸಂಜೆ ಒಂದು ದೀಪ ಕಾಣುತ್ತದೆ. ಓದಿದರೆ ಮೈ ಜುಮ್ಮೆನ್ನುತ್ತಿತ್ತು. ನಿನ್ನನ್ನು ಸೇರಿಸಿದರೆ ಆ ಸೊಗಸು ಕೆಡುತ್ತಿತ್ತು. ಅಷ್ಟಕ್ಕೇ — ಬರೀ ಅಷ್ಟಕ್ಕೇ — ನಿನ್ನನ್ನು ಬಿಟ್ಟೆ.

ಮಕ್ಕಳು ಅದನ್ನು ಬಾಯಿಪಾಠ ಮಾಡಿದರು. ಊಟ ಒಯ್ಯುತ್ತಿದ್ದವರು ಅವರೇ, ಹೆದರಿ ನಿಲ್ಲಿಸಿದರು. ಬಂಡೆ ಹತ್ತಿಸುವ ಗೋಳು ತಪ್ಪಿತೆಂದು ದೊಡ್ಡವರೂ ಸುಮ್ಮನಾದರು. ನನಗೆ ಗೊತ್ತಿತ್ತು. ಪುಸ್ತಕ ಓದಿದವರೆಲ್ಲ ಹೊಗಳುತ್ತಿದ್ದರು, ನಾನು —

ಕಡೆಗೆ ನೀನೇ ಖಾಲಿ ಪಾತ್ರೆ ಹಿಡಿದು ಶಾಲೆಯ ಗೇಟಿಗೆ ಬಂದೆ. ಮಕ್ಕಳು ಕಿರುಚಿ ಒಳಗೆ ಓಡಿದರು. ಹೊಸದಾಗಿ ವರ್ಗವಾಗಿ ಬಂದಿದ್ದ ಹೆಡ್‌ಮಾಸ್ಟರು ಕೇಳಿದರು: "ಯಾರ್ ಟೀಚರ್ ಈಯಮ್ಮ? ನಿಮಗೆ ಗೊತ್ತಾ?"

"ಗೊತ್ತಿಲ್ಲ ಸಾರ್."

ನೀನು ನನ್ನನ್ನೇ ನೋಡುತ್ತಿದ್ದೆ. "ಪೋನೀಲೇಮ್ಮಾ" ಎಂದೆ — ಹೋಗಲಿ ಬಿಡಮ್ಮ ಎಂದು, ನಿನ್ನ ತೆಲುಗಿನಲ್ಲಿ. ಮತ್ತೆ ಬಂಡೆಯ ಕಡೆಗೆ ನಡೆದುಬಿಟ್ಟೆ.

ಮಾರನೆಯ ದಿನ ಊಟ ಕಟ್ಟಿಕೊಂಡು ಮೇಲೆ ಹೋದೆ. ಬಾಗಿಲು ತೆರೆದಿತ್ತು, ಒಲೆ ತಣ್ಣಗಿತ್ತು, ನೀನಿರಲಿಲ್ಲ. ಬಾವಿ ಇಣುಕಿದೆ, ಬಂಡೆಯ ಸಂದುಗಳಲ್ಲಿ ಕೂಗಿದೆ. ಕೆಳಗೆ ಬಂದು ಕೇಳಿದರೆ, ಎಷ್ಟೋ ಸಲ ನಿನಗೆ ಮುದ್ದೆ ಕಟ್ಟಿ ಕಳಿಸಿದ್ದ ಹೆಂಗಸೇ ನನ್ನ ಮುಖ ನೋಡದೆ ಹೇಳಿದಳು: "ಅಲ್ಲಿ ಯಾರಿದ್ರು ಟೀಚರ್? ನೀವೇ ಬರ್ದಿದ್ದೀರಲ್ಲ."

ದೀಪ ಮಾತ್ರ ಆ ಸಂಜೆಯೂ ಕಂಡಿತು. ಈಗಲೂ ಕಾಣುತ್ತದೆ. ಯಾರು ಹಚ್ಚುತ್ತಾರೋ — ನಾನು ಹತ್ತಿ ಹೋದಾಗಲೆಲ್ಲ ಹಣತೆ ಒಣಗಿರುತ್ತದೆ, ಬತ್ತಿಯೇ ಇರುವುದಿಲ್ಲ. ಭಯವಾಗುತ್ತದೆ ಗಂಗುಲಮ್ಮಾ. ನಿನ್ನ ಭಯವಲ್ಲ, ನಾನು ಬರೆದ ಆ ವಾಕ್ಯದ್ದು.

ಇಷ್ಟು ವರ್ಷದ ಮೇಲೆ, ಮೊನ್ನೆ ತರಗತಿಯಲ್ಲಿ ಎಲ್ಲ ಹೇಳಿಬಿಟ್ಟೆ. ನಾನು ಸುಳ್ಳು ಬರೆದೆ, ಒಬ್ಬ ಮುದುಕಿಯ ಅನ್ನ ಕಳೆದೆ ಎಂದೆ. ಬೋರ್ಡಿನ ಮೇಲೆ ನಿನ್ನ ಹೆಸರು ಬರೆದೆ. ಮಕ್ಕಳು ಉಸಿರು ಬಿಗಿಹಿಡಿದು ಕೇಳಿಸಿಕೊಂಡರು. ಮುಂದಿನ ಬೆಂಚಿನ ಹುಡುಗಿ ಮೆಲ್ಲಗೆ ಕೇಳಿದಳು: "ದೆವ್ವಕ್ಕೂ ಹೆಸ್ರಿರತ್ತಾ ಟೀಚರ್?"

ಅವಳನ್ನು ಬೈಯಲಾರೆ. ಅವಳಿಗೆ ಊರಿನ ಇತಿಹಾಸ ಕಲಿಸಿದವಳು ನಾನು.