ಬಂಗಾರದ ಬೆನ್ನಿನ ಮರಕುಟಿಗ

ಇಂದು ಪಾರ್ಕಿನಲ್ಲಿ ಬಂಗಾರದ ಬೆನ್ನಿನ ಮರಕುಟಿಗವೊಂದನ್ನು ಕಂಡೆ. ಕೂಡಲೇ ನಾಗಣಸೂರಿನ ನಮ್ಮ ಹೊಲ ನೆನಪಾಯಿತು. ನಮ್ಮ ಅಜ್ಜಿಗೆ ಹಕ್ಕಿಗಳ ಗುರುತು ಚೆನ್ನಾಗಿತ್ತು.

"ಸಣ್ಣ ಚುಕ್ಕಿ ಮರಕುಟಿಗ ಜಾಲಿ ಗಿಡದಾಗ ಇರ್ತದ. ಈ ಬಂಗಾರ ಬೆನ್ನಿಂದು ಸಂಜಿಗೆ ನಮ್ಮ ಬಾವಿ ಮ್ಯಾಲಿನ ಮಾವಿನ ಗಿಡಕ್ಕಽ ಬರ್ತದ ನೋಡು," ಎನ್ನುತ್ತಿದ್ದಳು.

ಒಂದು ಸಂಜೆ ನಾನು ಮತ್ತು ಪುಟ್ಟ ತಂಗಿ ಆಳೆತ್ತರದ ಜೋಳದಲ್ಲಿ ದಾರಿ ತಪ್ಪಿದೆವು. ಎತ್ತ ಹೋದರೂ ಜೋಳವೇ. ತಂಗಿ ಅಳತೊಡಗಿದಳು. ಅಷ್ಟರಲ್ಲಿ ಆ ಬಂಗಾರ ಬೆನ್ನಿನ ಹಕ್ಕಿ ಕಿರುಚುತ್ತ ನಮ್ಮ ತಲೆಯ ಮೇಲೆ ಹಾರಿಹೋಯಿತು. ಅಜ್ಜಿಯ ಮಾತು ನಂಬಿ, ತಂಗಿಯ ಕೈ ಹಿಡಿದು ಅದರ ಹಿಂದೆಯೇ ಓಡಿದೆ.

ಜೋಳ ಮುಗಿದಲ್ಲಿ ಬಾವಿ ಕಂಡಿತು. ಅಜ್ಜಿ ಅದರೊಳಗೆ ಬಗ್ಗಿ ನಮ್ಮ ಹೆಸರು ಕೂಗುತ್ತಿದ್ದಳು.

"ಆಯೀ, ಇಲ್ಲೇ ಅದೀವಿ!" ಎಂದು ಅಜ್ಜಿಯನ್ನು ಕೂಗಿದೆ.

ತಿರುಗಿ ನೋಡಿದವಳು ನಮ್ಮತ್ತ ಓಡಿ ಬಂದಳು. "ನೀರಾಗ ಬಿದ್ರೇನೋ ಅಂದಿದ್ನೆವ್ವಾ," ಎಂದು ಇಬ್ಬರನ್ನೂ ಅಪ್ಪಿಕೊಂಡಳು.

ಈಗ ನಾನೂ ಅಜ್ಜಿ. ಅವಳು ಅಂದು ನಮ್ಮನ್ನು ಅಷ್ಟು ಬಿಗಿಯಾಗಿ ಅಪ್ಪಿಕೊಂಡದ್ದೇಕೆಂದು ಈಗ ಗೊತ್ತು.